ವೆಲ್ಷ್ ಕಪ್‌ನ ಒಂದು ಋತುವನ್ನು ದಾಖಲಿಸುವುದು ಹೇಗೆ

ವೇಲ್ಸ್‌ನ ನಾಕೌಟ್ ಫುಟ್‌ಬಾಲ್ ಟೂರ್ನಿಯಾದ ವೆಲ್ಷ್ ಕಪ್‌ನ ಯಾವುದಾದರೂ ಒಂದು ಋತುವಿನ, ಅಂದರೆ ಒಂದು ಸೀಸನ್‌ನ ಬಗ್ಗೆ ಕನ್ನಡದಲ್ಲಿ ಪೂರ್ತಿ ಪುಟ ಮಾಡಲು ಹೊರಟವರು ಸಾಮಾನ್ಯವಾಗಿ ಫೈನಲ್‌ನಿಂದ ಶುರು ಮಾಡಿ ಹಿಂದಕ್ಕೆ ಹೋಗುತ್ತಾರೆ. ಸೆಮಿಫೈನಲ್, ಕ್ವಾರ್ಟರ್ ಫೈನಲ್ ತನಕ ಎಲ್ಲ ಸಲೀಸು. ಅದಕ್ಕಿಂತ ಕೆಳಗಿನ ಸುತ್ತುಗಳಿಗೆ ಇಳಿದ ಕೂಡಲೇ ಲೆಕ್ಕ ತಪ್ಪುತ್ತದೆ. ಎಲ್ಲಿಂದಲೋ ಬಂದ ಕ್ಲಬ್‌ಗಳು ಮುಂದಿನ ಸುತ್ತಿನಲ್ಲಿ ಕಾಣಿಸಿಕೊಳ್ಳುತ್ತವೆ, ಗೆದ್ದ ಕ್ಲಬ್ ಮಾಯವಾಗುತ್ತದೆ, ಸೋತವರು ಯುರೋಪಿನ ಕ್ಲಬ್ ಟೂರ್ನಿಗಳಿಗೆ ಹೋಗುತ್ತಾರೆ. ಇವುಗಳಲ್ಲಿ ಯಾವುದೂ ಮುದ್ರಣದೋಷವಲ್ಲ. ಈ ಟೂರ್ನಿಯಲ್ಲಿ ಯಾರು ಆಡಬಹುದು, ಸಮಬಲವಾದರೆ ಏನು, ಗೆದ್ದವರಿಗೆ ಏನು ಸಿಗುತ್ತದೆ ಎಂಬ ಮೂರೂ ನಿಯಮಗಳು ಮತ್ತೆ ಮತ್ತೆ ಬದಲಾಗಿವೆ. ಹಾಗಾಗಿ ಮೊದಲು ಆ ವರ್ಷದ ನಿಯಮ ಬರೆದುಕೊಳ್ಳಿ, ಸ್ಕೋರು ಆಮೇಲೆ.

ನಿಮ್ಮ ಋತು ಯಾವ ಕಾಲದ್ದು?

ಎಫ್‌ಎಡಬ್ಲ್ಯೂ, ಅಂದರೆ ಫುಟ್‌ಬಾಲ್ ಅಸೋಸಿಯೇಷನ್ ಆಫ್ ವೇಲ್ಸ್, 1876ರಲ್ಲಿ ರೆಕ್ಸಮ್ ಊರಿನ ವಿನ್‌ಸ್ಟೇ ಆರ್ಮ್ಸ್ ಹೋಟೆಲಿನಲ್ಲಿ ಹುಟ್ಟಿತು. ಅದರ ಕಪ್ 1877–78ರಲ್ಲಿ ಶುರುವಾಯಿತು. 1878ರ ಮಾರ್ಚ್ 30ರಂದು ಆಕ್ಟನ್ ಪಾರ್ಕ್‌ನಲ್ಲಿ ರೆಕ್ಸಮ್ ತಂಡ ಡ್ರೂಯಿಡ್ಸ್ ತಂಡವನ್ನು 1–0ಯಿಂದ ಸೋಲಿಸಿತು. ಅಲ್ಲಿಂದ ಇಲ್ಲಿಯವರೆಗಿನ ಯಾವ ಋತುವನ್ನೇ ತೆಗೆದುಕೊಂಡರೂ ಅದನ್ನು ಕೆಳಗಿನ ಗಡಿಗಳ ನಡುವೆ ಇಟ್ಟು ನೋಡಬೇಕು.

1995ರವರೆಗೆ ಗಡಿಯಾಚೆಯ ಇಂಗ್ಲಿಷ್ ಕ್ಲಬ್‌ಗಳೂ ಆಡುತ್ತಿದ್ದವು, ಗೆಲ್ಲುತ್ತಲೂ ಇದ್ದವು. ಶ್ರೂಸ್‌ಬರಿ ಟೌನ್ 6 ಬಾರಿ ಗೆದ್ದಿದೆ. ಚೆಸ್ಟರ್, ಕ್ರೂ ಅಲೆಕ್ಸಾಂಡ್ರಾ, ಟ್ರಾನ್‌ಮಿಯರ್ ರೋವರ್ಸ್, ಬ್ರಿಸ್ಟಲ್ ಸಿಟಿ ಹೆಸರುಗಳೂ ವಿಜೇತರ ಪಟ್ಟಿಯಲ್ಲಿವೆ. 1990ರಲ್ಲಿ ಹೆರಿಫರ್ಡ್ ಯುನೈಟೆಡ್ ಗೆದ್ದದ್ದೇ ಇಂಗ್ಲಿಷ್ ಕ್ಲಬ್ಬೊಂದರ ಕೊನೆಯ ಗೆಲುವು. ಹಳೆಯ ಪಟ್ಟಿಯಲ್ಲಿ ಇಂಗ್ಲೆಂಡಿನ ಊರು ಕಂಡರೆ ಅದನ್ನು ತಪ್ಪೆಂದು ಅಳಿಸಬೇಡಿ.

1992ರಲ್ಲಿ ಲೀಗ್ ಆಫ್ ವೇಲ್ಸ್ ಆರಂಭವಾಯಿತು. ಇಂದಿನ ಕಮ್ರಿ ಪ್ರೀಮಿಯರ್ ಅದರದೇ ಮುಂದುವರಿಕೆ. 1995–96ರಿಂದ ಇಂಗ್ಲಿಷ್ ಲೀಗ್ ವ್ಯವಸ್ಥೆಯಲ್ಲಿ ಆಡುವ ಕ್ಲಬ್‌ಗಳಿಗೆ ಬಾಗಿಲು ಮುಚ್ಚಿತು. ವೇಲ್ಸ್‌ನವೇ ಆದರೂ ಇಂಗ್ಲಿಷ್ ಲೀಗ್‌ನಲ್ಲಿ ಆಡುವ ಕಾರ್ಡಿಫ್ ಸಿಟಿ, ಸ್ವಾನ್ಸೀ ಸಿಟಿ, ರೆಕ್ಸಮ್ ಕೂಡ ಹೊರಗುಳಿದವು. ಹೆಚ್ಚು ಬಾರಿ ಗೆದ್ದ ಎರಡು ಕ್ಲಬ್‌ಗಳೆಂದರೆ 23 ಬಾರಿ ಗೆದ್ದ ರೆಕ್ಸಮ್, 22 ಬಾರಿ ಗೆದ್ದ ಕಾರ್ಡಿಫ್. 1995ರ ಫೈನಲ್‌ನಲ್ಲಿ ಎದುರುಬದುರಾದದ್ದು ಇವೇ, ರೆಕ್ಸಮ್ 2–1ರಿಂದ ಗೆದ್ದಿತು. ಆ ಎರಡು ಅಂಕಿಗಳು ಅಂದಿನಿಂದ ಅಲ್ಲೇ ನಿಂತಿವೆ. 2011–12ರಲ್ಲಿ ಇಂಗ್ಲಿಷ್ ಲೀಗ್‌ನಲ್ಲಿ ಆಡುವ ವೆಲ್ಷ್ ಕ್ಲಬ್‌ಗಳಿಗೆ ಮತ್ತೆ ಆಹ್ವಾನ ಹೋಯಿತು. ರೆಕ್ಸಮ್, ನ್ಯೂಪೋರ್ಟ್ ಕೌಂಟಿ, ಮರ್ಥರ್ ಒಪ್ಪಿಕೊಂಡವು. ಆ ಋತುವಿನ ಪಟ್ಟಿಯಲ್ಲಿ ಅವು ಇರುವುದು ಇದೇ ಕಾರಣಕ್ಕೆ.

ಇನ್ನು ಖಾಲಿ ವರ್ಷಗಳು. 1915ರ ನಂತರದ ಫೈನಲ್ ನಡೆದದ್ದು 1920ರಲ್ಲಿ, 1940ರ ನಂತರದ್ದು 1947ರಲ್ಲಿ. ಎರಡಕ್ಕೂ ಯುದ್ಧವೇ ಕಾರಣ. 2019–20 ಮತ್ತು 2020–21ಕ್ಕೆ ಕೋವಿಡ್‌ನಿಂದಾಗಿ ವಿಜೇತರಿಲ್ಲ. 2019–20ರಲ್ಲಿ ಹಲವು ಸುತ್ತು ಮುಗಿದಿದ್ದವು. ಅವುಗಳ ಸ್ಕೋರು ಮಾನ್ಯ, ಕಪ್ ಮಾತ್ರ ಯಾರಿಗೂ ಇಲ್ಲ. ಅಂಥ ಋತುವಿನಲ್ಲಿ ಫೈನಲ್ ಸಾಲನ್ನು ಖಾಲಿ ಬಿಡುವ ಬದಲು "ರದ್ದು" ಎಂದು ಬರೆಯಿರಿ. ಖಾಲಿ ಬಿಟ್ಟರೆ ಮುಂದೊಂದು ದಿನ ಯಾರೋ ಒಬ್ಬರು ಹಿಂದಿನ ವರ್ಷದ ವಿಜೇತರನ್ನೇ ಅಲ್ಲಿ ತುಂಬಿಸುತ್ತಾರೆ.

ಹಾಳೆಯಲ್ಲಿ ಯಾವ ಕಾಲಂ ಇರಬೇಕು

ಸ್ಪ್ರೆಡ್‌ಶೀಟ್ ತೆರೆದು ಪ್ರತಿ ಪಂದ್ಯಕ್ಕೆ ಒಂದು ಸಾಲು ಕೊಡಿ. ಮರುಪಂದ್ಯಕ್ಕೂ ಪ್ರತ್ಯೇಕ ಸಾಲು ಬೇಕು. ಕಾಲಂಗಳು ಇವು: ಸುತ್ತು, ದಿನಾಂಕ, ಡ್ರಾದಲ್ಲಿ (ಯಾರ ಎದುರಾಳಿ ಯಾರು ಎಂದು ಚೀಟಿ ಎತ್ತುವಾಗ) ಮೊದಲು ಬಂದ ಕ್ಲಬ್, ಎದುರಾಳಿ, 90 ನಿಮಿಷದ ಸ್ಕೋರು, ಹೆಚ್ಚುವರಿ ಸಮಯದ ನಂತರದ ಸ್ಕೋರು, ಪೆನಾಲ್ಟಿ ಶೂಟೌಟ್, ನಿಜವಾಗಿ ಆಡಿದ ಮೈದಾನ, ಇಬ್ಬರ ಲೀಗ್ ಹಂತ, ಮುಂದೆ ಹೋದವರು, ಮಾಹಿತಿಯ ಮೂಲ.

ಇವುಗಳಲ್ಲಿ ಎರಡನ್ನು ಜನ ಬಿಟ್ಟುಬಿಡುತ್ತಾರೆ, ಆಮೇಲೆ ಪರದಾಡುತ್ತಾರೆ. ಒಂದು, "ಮುಂದೆ ಹೋದವರು". ಸ್ಕೋರು ನೋಡಿದರೆ ಗೊತ್ತಾಗುತ್ತದಲ್ಲ, ಮತ್ತೇಕೆ ಇನ್ನೊಂದು ಕಾಲಂ ಎನಿಸಬಹುದು. ಅರ್ಹತೆಯಿಲ್ಲದ ಆಟಗಾರನನ್ನು ಆಡಿಸಿದ ಕ್ಲಬ್ 3–1ರಿಂದ ಗೆದ್ದರೂ ಟೂರ್ನಿಯಿಂದ ಹೊರಹೋಗಬಹುದು. ಆಗ ಮೈದಾನದ ಸ್ಕೋರನ್ನು ಹಾಗೇ ಉಳಿಸಿ, ಮುಂದೆ ಹೋದವರ ಕಾಲಂನಲ್ಲಿ ಸೋತ ಕ್ಲಬ್ಬಿನ ಹೆಸರು ಬರೆದು, ಪಕ್ಕದಲ್ಲಿ ಕಾರಣ ಸೇರಿಸಿ. ಸ್ಕೋರನ್ನೇ ತಿದ್ದಿದರೆ ಅಂದು ನಡೆದದ್ದೇನು ಎಂಬುದು ಶಾಶ್ವತವಾಗಿ ಕಳೆದುಹೋಗುತ್ತದೆ.

ಎರಡನೆಯದು ಮೈದಾನ. ಡ್ರಾದಲ್ಲಿ ಮೊದಲು ಬಂದವರದು ಆತಿಥ್ಯ ಎಂಬುದು ಸಾಮಾನ್ಯ ನಿಯಮ. ಆದರೆ ಮೈದಾನದಲ್ಲಿ ನೀರು ನಿಂತರೆ, ಚಳಿಗೆ ನೆಲ ಹೆಪ್ಪುಗಟ್ಟಿದರೆ ಪಂದ್ಯ ಎದುರಾಳಿಯ ಊರಿಗೋ ಮೂರನೆಯ ಜಾಗಕ್ಕೋ ಹೋಗುತ್ತದೆ. ಚಳಿಗಾಲದ ಸುತ್ತುಗಳಲ್ಲಿ ಇದು ಅಪರೂಪವೇನಲ್ಲ. ಡ್ರಾದ ಕ್ರಮವನ್ನೂ ಆಡಿದ ಜಾಗವನ್ನೂ ಬೇರೆ ಬೇರೆ ಬರೆದಿಟ್ಟರೆ ಎರಡು ಪತ್ರಿಕೆಗಳು ತಂಡಗಳ ಹೆಸರನ್ನು ತಿರುಗುಮುರುಗು ಕೊಟ್ಟಾಗ ತಲೆ ಕೆಡುವುದಿಲ್ಲ.

ಫೈನಲ್‌ಗೆ ಖಾಯಂ ಮೈದಾನ ಇಲ್ಲ ಎಂಬುದನ್ನೂ ನೆನಪಿಡಿ. 2009ರಿಂದ 2011ರವರೆಗೆ ಲನೆಲಿಯ ಪಾರ್ಕ್ ಅ ಸ್ಕಾರ್ಲೆಟ್ಸ್, 2012ರಲ್ಲಿ ಬ್ಯಾಂಗರ್‌ನ ನಾಂಟ್‌ಪೋರ್ಥ್, 2013 ಮತ್ತು 2014ರಲ್ಲಿ ರೆಕ್ಸಮ್‌ನ ರೇಸ್‌ಕೋರ್ಸ್, 2015ರಲ್ಲಿ ನ್ಯೂಟೌನ್‌ನ ಲೇಥಮ್ ಪಾರ್ಕ್, 2022ರಲ್ಲಿ ಕಾರ್ಡಿಫ್ ಸಿಟಿ ಸ್ಟೇಡಿಯಂ, 2024ರಲ್ಲಿ ನ್ಯೂಪೋರ್ಟ್‌ನ ರಾಡ್ನಿ ಪರೇಡ್. 2015ರಲ್ಲಿ ಫೈನಲ್ ಆಡಿದ ನ್ಯೂಟೌನ್‌ಗೆ ಅದು ಸ್ವಂತ ಮೈದಾನವೇ ಆಗಿತ್ತು. ಹಾಗಾಗಿ ಫೈನಲ್ ಎಂದ ಮಾತ್ರಕ್ಕೆ "ತಟಸ್ಥ ಮೈದಾನ" ಎಂದು ಕಣ್ಣುಮುಚ್ಚಿ ಬರೆಯಬಾರದು.

ಲೆಕ್ಕ ತಾಳೆ ನೋಡುವುದು

ನಾಕೌಟ್‌ನಲ್ಲಿ ಪ್ರತಿ ಜೋಡಿಯಿಂದ ಒಬ್ಬರು ಹೊರಹೋಗುತ್ತಾರೆ. ಹಾಗಾಗಿ ಇಡೀ ಋತುವಿನ ಒಟ್ಟು ಜೋಡಿಗಳ ಸಂಖ್ಯೆ, ಹೆಸರು ಕೊಟ್ಟ ಕ್ಲಬ್‌ಗಳ ಸಂಖ್ಯೆಗಿಂತ ಸರಿಯಾಗಿ 1 ಕಡಿಮೆ ಇರಬೇಕು. ಮರುಪಂದ್ಯಗಳನ್ನು ಇಲ್ಲಿ ಎಣಿಸಬೇಡಿ. ಎದುರಾಳಿ ಬಾರದೆ ಸಿಕ್ಕ ವಾಕೋವರ್ ಅನ್ನು ಮಾತ್ರ ಎಣಿಸಲೇಬೇಕು, ಏಕೆಂದರೆ ಅಲ್ಲೂ ಒಂದು ಕ್ಲಬ್ ಹೊರಹೋಗಿದೆ. ಬೈ, ಅಂದರೆ ಆಡದೆಯೇ ಮುಂದಿನ ಸುತ್ತಿಗೆ ಹೋಗುವುದು, ಎಣಿಕೆಗೆ ಬರುವುದಿಲ್ಲ, ಅಲ್ಲಿ ಯಾರೂ ಹೊರಹೋಗಿಲ್ಲ.

ಉದಾಹರಣೆಗೆ 150 ಕ್ಲಬ್‌ಗಳಿವೆ ಎಂದಿಟ್ಟುಕೊಳ್ಳಿ. ಅದರಲ್ಲಿ ಉನ್ನತ ಹಂತದ 12 ಕ್ಲಬ್‌ಗಳು ನೇರವಾಗಿ 64ರ ಸುತ್ತಿಗೆ ಬರುತ್ತವೆ. ಉಳಿದ 138ರಿಂದ 52 ಕ್ಲಬ್ ಉಳಿಯಬೇಕು, ಅಂದರೆ 86 ಹೊರಹೋಗಬೇಕು. ಒಂದೇ ಸುತ್ತಿನಲ್ಲಿ ಹೆಚ್ಚೆಂದರೆ 69 ಹೊರಹೋಗಬಹುದು, ಹಾಗಾಗಿ ಕನಿಷ್ಠ ಎರಡು ಅರ್ಹತಾ ಸುತ್ತು ಬೇಕು. ಮೊದಲ ಸುತ್ತಿನಲ್ಲಿ ಎಲ್ಲರೂ ಆಡಿ 69 ಉಳಿದರೆ, ಎರಡನೆಯದರಲ್ಲಿ 17 ಜೋಡಿ ಸಾಕು: 34 ಕ್ಲಬ್ ಆಡುತ್ತವೆ, 35 ಕ್ಲಬ್‌ಗೆ ಬೈ. 64ರ ಸುತ್ತಿನಿಂದ ಫೈನಲ್‌ವರೆಗೆ 63 ಜೋಡಿ. 86ಕ್ಕೆ 63 ಸೇರಿಸಿದರೆ 149. ತಾಳೆಯಾಯಿತು.

ನಿಮ್ಮ ಹಾಳೆಯಲ್ಲಿ ಮೊತ್ತ ಒಂದೆರಡು ಕಡಿಮೆ ಬಂದರೆ ಮೊದಲು ವಾಕೋವರ್ ಹುಡುಕಿ. ಋತುವಿನ ನಡುವೆ ಕ್ಲಬ್ ಹಿಂದೆ ಸರಿದಾಗ ಪತ್ರಿಕೆಯಲ್ಲಿ ಸ್ಕೋರು ಇರುವುದಿಲ್ಲ, ಹಾಗಾಗಿ ಸಾಲೂ ತಪ್ಪಿಹೋಗಿರುತ್ತದೆ. ಮೊತ್ತ ಹೆಚ್ಚು ಬಂದರೆ ಮರುಪಂದ್ಯವನ್ನು ಹೊಸ ಜೋಡಿಯೆಂದು ಎಣಿಸಿದ್ದೀರಿ, ಇಲ್ಲವೇ ಅರ್ಧಕ್ಕೆ ನಿಂತು ಮತ್ತೆ ಆಡಿದ ಪಂದ್ಯವನ್ನು ಎರಡು ಸಲ ಬರೆದಿದ್ದೀರಿ. ಒಟ್ಟು ಮೊತ್ತ ಸರಿಯಿದ್ದರೂ ಸುತ್ತು ಸುತ್ತಿನ ಲೆಕ್ಕ ನೋಡಿ: ಹಿಂದಿನ ಸುತ್ತಿನ ವಿಜೇತರು, ಬೈ ಪಡೆದವರು, ಹೊಸದಾಗಿ ಸೇರಿದವರು, ಈ ಮೂರರ ಮೊತ್ತ ಈ ಸುತ್ತಿನ ಕ್ಲಬ್‌ಗಳ ಸಂಖ್ಯೆಗೆ ಸಮನಾಗಬೇಕು. ಎರಡು ತಪ್ಪುಗಳು ಒಂದನ್ನೊಂದು ಮುಚ್ಚಿಹಾಕಿದ್ದರೆ ಸಿಕ್ಕಿಬೀಳುವುದು ಇಲ್ಲೇ.

ಯಾವ ಹಂತದವರು ಯಾವ ಸುತ್ತಿನಲ್ಲಿ ಸೇರುತ್ತಾರೆ ಎಂಬುದು ಒಂದೇ ರೀತಿ ಉಳಿದಿಲ್ಲ, ಆ ವರ್ಷದ ನಿಯಮಾವಳಿಯನ್ನೇ ನೋಡಬೇಕು. ಲೀಗ್ ಹಂತಗಳು ಈಗ ಹೀಗಿವೆ: ಮೇಲೆ ಕಮ್ರಿ ಪ್ರೀಮಿಯರ್, 2010ರಿಂದ 12 ಕ್ಲಬ್‌ಗಳದ್ದು, 2026–27ರಿಂದ 16ಕ್ಕೆ ಏರಿಸಲು ಎಫ್‌ಎಡಬ್ಲ್ಯೂ ತೀರ್ಮಾನಿಸಿದೆ. ಎರಡನೆಯ ಹಂತದಲ್ಲಿ 2019ರಿಂದ ಕಮ್ರಿ ನಾರ್ತ್ ಮತ್ತು ಕಮ್ರಿ ಸೌತ್. ಮೂರನೆಯದರಲ್ಲಿ ನಾಲ್ಕು ಆರ್ಡಲ್ ಲೀಗ್‌ಗಳು. 2019ಕ್ಕಿಂತ ಹಿಂದಿನ ಋತುವಾದರೆ ಎರಡನೆಯ ಹಂತದ ಉತ್ತರ ಭಾಗಕ್ಕೆ ಕಮ್ರಿ ಅಲಯನ್ಸ್ ಎಂಬ ಹೆಸರಿತ್ತು. ಹಂತದ ಕಾಲಂನಲ್ಲಿ ಲೀಗ್ ಹೆಸರಿನ ಜೊತೆ 1, 2, 3 ಎಂಬ ಅಂಕಿಯನ್ನೂ ಹಾಕಿ. ಯಾವ ಸಣ್ಣ ಕ್ಲಬ್ ದೊಡ್ಡದನ್ನು ಉರುಳಿಸಿತು ಎಂಬುದನ್ನು ಆಮೇಲೆ ಒಂದೇ ಏಟಿಗೆ ಬೇರ್ಪಡಿಸಬಹುದು. ಓದುಗರು ಇಂಥ ಪುಟಕ್ಕೆ ಬರುವುದೇ ಅದಕ್ಕಾಗಿ.

ಆರಂಭದ ಸುತ್ತುಗಳ ಡ್ರಾ ಉತ್ತರ ದಕ್ಷಿಣವೆಂದು ಬೇರೆಯಾಗಿರುವುದನ್ನು ನೋಡಿ ಬೆರಗಾಗಬೇಕಿಲ್ಲ. ವೇಲ್ಸ್‌ನ ನಡುಭಾಗ ಬೆಟ್ಟಗಾಡು. ಕಾರ್ಡಿಫ್‌ನಿಂದ ಬ್ಯಾಂಗರ್‌ಗೆ ರೈಲಿನಲ್ಲಿ ಹೋಗುವವರು ಇಂಗ್ಲೆಂಡಿನ ಶ್ರೂಸ್‌ಬರಿಯ ಮೂಲಕ ಸುತ್ತಬೇಕು. ರಸ್ತೆಯಲ್ಲಾದರೆ ಎ470 ಹೆದ್ದಾರಿ ಹಿಡಿಯಬೇಕು. ಕೆಲಸಕ್ಕೆ ಹೋಗುವ ಹವ್ಯಾಸಿ ಆಟಗಾರರನ್ನು ಮೊದಲ ಸುತ್ತಿಗೇ ಅಷ್ಟು ದೂರ ಕಳಿಸಿದರೆ ವಾಕೋವರ್‌ಗಳೇ ತುಂಬಿಕೊಳ್ಳುತ್ತವೆ. ನಿಮ್ಮ ಹಾಳೆಯ ಅರ್ಹತಾ ಸುತ್ತಿನಲ್ಲಿ ವಾಯವ್ಯದ ಕ್ಲಬ್ ಆಗ್ನೇಯದ ಕ್ಲಬ್ ಜೊತೆ ಆಡಿದೆ ಎಂದಿದ್ದರೆ ಒಂದೇ ಬಗೆಯ ಹೆಸರಿನ ಇನ್ನೊಂದು ಕ್ಲಬ್ ಇದೆಯೇ ಎಂದು ಮೊದಲು ಪರಿಶೀಲಿಸಿ.

ಸಮಬಲ, ಮರುಪಂದ್ಯ, ಎರಡು ಲೆಗ್

ಅತಿ ಹೆಚ್ಚು ತಪ್ಪಾಗುವುದು ಇಲ್ಲೇ, ಹಾಗಾಗಿ ನಿಧಾನವಾಗಿ ನೋಡೋಣ.

ಒಂದೇ ಪಂದ್ಯದ ಫೈನಲ್ ಇದ್ದ ಕಾಲದಲ್ಲಿ ಸಮಬಲವಾದರೆ ಮರುಪಂದ್ಯ. 1912ರಲ್ಲಿ ಕಾರ್ಡಿಫ್ ಸಿಟಿ, ಪಾಂಟಿಪ್ರಿದ್ ನಡುವಿನ ಫೈನಲ್ ನಿನಿಯನ್ ಪಾರ್ಕ್‌ನಲ್ಲಿ 0–0 ಆಯಿತು. ಅಬರ್‌ಡೇರ್‌ನಲ್ಲಿ ನಡೆದ ಮರುಪಂದ್ಯದಲ್ಲಿ ಕಾರ್ಡಿಫ್ 3–0. ಕಪ್ ಮೊದಲ ಬಾರಿಗೆ ದಕ್ಷಿಣ ವೇಲ್ಸ್‌ಗೆ ಬಂದದ್ದು ಆಗ. 1987ರಲ್ಲೂ ಹೀಗೆಯೇ, ಮರ್ಥರ್ ಟಿಡ್ಫಿಲ್ ನ್ಯೂಪೋರ್ಟ್ ಕೌಂಟಿ ಜೊತೆ 2–2 ಮಾಡಿಕೊಂಡು ಮರುಪಂದ್ಯದಲ್ಲಿ 1–0ಯಿಂದ ಗೆದ್ದಿತು. ಇಂಥ ಫೈನಲ್‌ಗೆ ಎರಡು ಸಾಲು, ಎರಡು ದಿನಾಂಕ. ಮಾಹಿತಿಪೆಟ್ಟಿಗೆಯಲ್ಲಿ ಮರುಪಂದ್ಯದ ಸ್ಕೋರನ್ನಷ್ಟೇ ಹಾಕಿ ಮೊದಲ ಪಂದ್ಯವನ್ನು ಮರೆತ ಪುಟಗಳು ಬೇಕಾದಷ್ಟಿವೆ.

ಎರಡು ಲೆಗ್‌ನ, ಅಂದರೆ ಇಬ್ಬರ ಮೈದಾನದಲ್ಲೂ ಒಂದೊಂದು ಪಂದ್ಯ ಆಡುವ ಫೈನಲ್ ಇನ್ನೂ ಸೂಕ್ಷ್ಮ. ಎರಡು ಲೆಗ್ ಎಂದ ಕೂಡಲೇ ಇಂದಿನ ನಾವು ಗೋಲು ಕೂಡಿಸುತ್ತೇವೆ. 1962ರ ಫೈನಲ್ ಅನ್ನು ಹಾಗೆ ಕೂಡಿಸಿದರೆ ಬೇರೆ ಕ್ಲಬ್‌ಗೇ ಕಪ್ ಕೊಟ್ಟುಬಿಡುತ್ತೀರಿ. ಆ ಮೂರು ಸಾಲುಗಳು ಹೀಗಿರಬೇಕು:

ಮೊದಲ ಲೆಗ್: ರೆಕ್ಸಮ್ 3–0 ಬ್ಯಾಂಗರ್ ಸಿಟಿ.
ಎರಡನೇ ಲೆಗ್: ಬ್ಯಾಂಗರ್ ಸಿಟಿ 2–0 ರೆಕ್ಸಮ್.
ನಿರ್ಣಾಯಕ ಪಂದ್ಯ, ರಿಲ್: ಬ್ಯಾಂಗರ್ ಸಿಟಿ 3–1 ರೆಕ್ಸಮ್.

ಎರಡು ಲೆಗ್‌ನ ಗೋಲು ಕೂಡಿಸಿದರೆ ರೆಕ್ಸಮ್ 3–2ರಿಂದ ಮುಂದಿತ್ತು. ಆದರೆ ಅಂದು ಲೆಕ್ಕಕ್ಕೆ ಬಂದದ್ದು ಗೆಲುವು, ಗೋಲಲ್ಲ. ಇಬ್ಬರಿಗೂ ಒಂದೊಂದು ಗೆಲುವು, ಹಾಗಾಗಿ ಮೂರನೆಯ ಪಂದ್ಯ. 1965ರಲ್ಲಂತೂ ಕಾರ್ಡಿಫ್ ಮೊದಲು 5–1ರಿಂದ ಗೆದ್ದು, ಎರಡನೆಯದನ್ನು 0–1ರಿಂದ ಸೋತು, ಅದೇ ರೆಕ್ಸಮ್ ವಿರುದ್ಧ ಮತ್ತೊಮ್ಮೆ ಆಡಿ 3–0ಯಿಂದ ಕಪ್ ಗೆಲ್ಲಬೇಕಾಯಿತು. 1979ಕ್ಕೆ ಬಂದರೆ ಚಿತ್ರ ಬೇರೆ: ರೆಕ್ಸಮ್, ಶ್ರೂಸ್‌ಬರಿ ನಡುವೆ 1–1, ನಂತರ ಶ್ರೂಸ್‌ಬರಿಗೆ 1–0, ಒಟ್ಟು 2–1. 1980ರಲ್ಲಿ ನ್ಯೂಪೋರ್ಟ್ ಕೌಂಟಿ ಶ್ರೂಸ್‌ಬರಿಯನ್ನು 2–1, 3–0, ಒಟ್ಟು 5–1ರಿಂದ ಸೋಲಿಸಿತು. ಆದ್ದರಿಂದ 1960ರ ದಶಕದ ಫೈನಲ್‌ನಲ್ಲಿ "ಒಟ್ಟು ಗೋಲು" ಎಂಬ ಕಾಲಂ ಸೇರಿಸಲೇಬೇಡಿ. ಇದ್ದರೆ ಓದುಗ ಅದನ್ನೇ ಫಲಿತಾಂಶವೆಂದು ಓದುತ್ತಾನೆ.

ಪೆನಾಲ್ಟಿಯಿಂದ ತೀರ್ಮಾನವಾದ ಪಂದ್ಯ ಅಂಕಿಅಂಶಕ್ಕೆ ಸಮಬಲವೇ. 1996ರಲ್ಲಿ ಲ್ಯಾನ್ಸಾಂಟ್‌ಫ್ರೈಡ್, ಬ್ಯಾರಿ ಟೌನ್ ನಡುವಿನ ಫೈನಲ್ 3–3 ಆಗಿ ಶೂಟೌಟ್‌ನಲ್ಲಿ ಲ್ಯಾನ್ಸಾಂಟ್‌ಫ್ರೈಡ್ ಗೆದ್ದಿತು. ಇದನ್ನು 4–3 ಎಂದು ಬರೆದರೆ ಋತುವಿನ ಒಟ್ಟು ಗೋಲಿನ ಲೆಕ್ಕಕ್ಕೆ ಯಾರೂ ಹೊಡೆಯದ ಗೋಲೊಂದು ಸೇರುತ್ತದೆ. ಹೆಚ್ಚುವರಿ ಸಮಯದ ಕಾಲಂ ಖಾಲಿ ಇರುವುದಕ್ಕೆ ಎರಡು ಅರ್ಥ ಬರುತ್ತದೆ: ಅದರ ಅಗತ್ಯ ಬೀಳಲಿಲ್ಲ, ಅಥವಾ ಆ ಸುತ್ತಿನಲ್ಲಿ ಹೆಚ್ಚುವರಿ ಸಮಯವೇ ಇಲ್ಲದೆ ನೇರ ಪೆನಾಲ್ಟಿ. ಎರಡನೆಯ ಸಂದರ್ಭದಲ್ಲಿ "ಇಲ್ಲ" ಎಂದು ಬರೆಯಿರಿ.

ಯುರೋಪ್ ಕಾಲಂ

ಕಪ್ ಗೆದ್ದವರು ಯುರೋಪಿಗೆ ಹೋಗುತ್ತಾರೆ ಎಂಬುದು ನಿಜ. ಆದರೆ ಯಾವಾಗಲೂ ಗೆದ್ದವರೇ ಹೋಗಿಲ್ಲ. ಈ ಕಾಲಂ ತುಂಬಿಸುವಾಗ ಆ ಬೇಸಿಗೆಯಲ್ಲಿ ಯುರೋಪಿನಲ್ಲಿ ಆಡಿದ್ದು ಯಾರು ಎಂದು ಬೇರೆಯಾಗಿಯೇ ನೋಡಬೇಕು.

1961ರ ವಿಜೇತರಾದ ಸ್ವಾನ್ಸೀ ಟೌನ್ ಯುರೋಪಿನ ಕಪ್ ವಿಜೇತರ ಟೂರ್ನಿಯಾದ ಕಪ್ ವಿನ್ನರ್ಸ್ ಕಪ್‌ಗೆ ಹೋದ ಮೊದಲ ವೆಲ್ಷ್ ಕ್ಲಬ್. ಪೂರ್ವ ಜರ್ಮನಿಯ ಮೋಟರ್ ಯೇನಾ ಎದುರಾಳಿ. ಮರುವರ್ಷ ಬ್ಯಾಂಗರ್ ಸಿಟಿ, ಎದುರಾಳಿ ನಾಪೊಲಿ. ಫಾರಾರ್ ರೋಡ್‌ನಲ್ಲಿ ಬ್ಯಾಂಗರ್ 2–0, ನೇಪಲ್ಸ್‌ನಲ್ಲಿ ನಾಪೊಲಿ 3–1. ಒಟ್ಟು 3–3. ಎದುರಾಳಿಯ ನೆಲದ ಗೋಲಿಗೆ ಹೆಚ್ಚು ಬೆಲೆ ಎಂಬ ನಿಯಮ ಆಗ ಇನ್ನೂ ಬಂದಿರಲಿಲ್ಲ. ಇದ್ದಿದ್ದರೆ ಬ್ಯಾಂಗರ್ ಮುಂದೆ ಹೋಗುತ್ತಿತ್ತು. ಲಂಡನ್ನಿನ ಹೈಬರಿಯಲ್ಲಿ ಮೂರನೆಯ ಪಂದ್ಯ ಆಡಿ 1–2ರಿಂದ ಸೋತರು. ಇಂಗ್ಲಿಷ್ ಫುಟ್‌ಬಾಲ್ ಲೀಗ್‌ನಲ್ಲಿಲ್ಲದ ಉತ್ತರ ವೇಲ್ಸ್‌ನ ಕ್ಲಬ್ಬೊಂದು ಇಟಲಿಯ ಕಪ್ ವಿಜೇತರನ್ನು ಅಲ್ಲಿಯವರೆಗೆ ಎಳೆದುಕೊಂಡು ಹೋಗಿದ್ದು ವೆಲ್ಷ್ ಕಪ್‌ನ ಇಡೀ ಚರಿತ್ರೆಯಲ್ಲೇ ದೊಡ್ಡ ಮಾತು. ಋತುವಿನ ಪುಟದಲ್ಲಿ ಅದಕ್ಕೆ ಎರಡು ಸಾಲಾದರೂ ಜಾಗ ಕೊಡಿ. ವರ್ಷ ಮಾತ್ರ ನೋಡಿಕೊಳ್ಳಿ: ಕಪ್ ಗೆದ್ದದ್ದು 1961–62ರಲ್ಲಿ, ನಾಪೊಲಿ ಪಂದ್ಯಗಳು 1962–63ರವು. ಈ ಒಂದು ವರ್ಷದ ಅಂತರ ತಪ್ಪಿ ಎರಡೂ ಒಂದೇ ಋತುವಿಗೆ ಸೇರಿಹೋಗಿರುವುದು ಪದೇ ಪದೇ ಕಾಣುತ್ತದೆ.

ಇಂಗ್ಲಿಷ್ ಕ್ಲಬ್ ಗೆದ್ದಾಗ ವೇಲ್ಸ್‌ನ ಹೆಸರಿನಲ್ಲಿ ಅದು ಯುರೋಪಿಗೆ ಹೋಗುವಂತಿರಲಿಲ್ಲ. ಆ ಸ್ಥಾನ ವೆಲ್ಷ್ ಕ್ಲಬ್‌ಗೆ ಬರುತ್ತಿತ್ತು. 1979, 1984, 1990ರ ಫೈನಲ್‌ಗಳಲ್ಲಿ ಸೋತ ರೆಕ್ಸಮ್ ಮೂರೂ ಸಲ ಯುರೋಪಿಗೆ ಹೋಯಿತು. 1984–85ರಲ್ಲಿ ಪೋರ್ಟೊವನ್ನು ಮನೆಯಲ್ಲಿ 1–0ಯಿಂದ ಸೋಲಿಸಿ, ಅಲ್ಲಿ 3–4ರಿಂದ ಸೋತು, ಎದುರಾಳಿ ನೆಲದ ಗೋಲುಗಳ ಬಲದಿಂದ ಮುಂದೆ ಹೋಯಿತು. 1990–91ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಎದುರು ಆಡಿದ್ದೂ ಇದೇ ಬಾಗಿಲಿನಿಂದ.

ಇನ್ನೊಂದು ಬಗೆ: ಲೀಗನ್ನೂ ಕಪ್ಪನ್ನೂ ಒಬ್ಬರೇ ಗೆದ್ದಾಗ. 2012ರಲ್ಲಿ ದಿ ನ್ಯೂ ಸೇಂಟ್ಸ್ ಹಾಗೆ ಗೆದ್ದಿತು. ಅವರು ಚಾಂಪಿಯನ್ಸ್ ಲೀಗ್ ಕಡೆಗೆ ಹೋದದ್ದರಿಂದ ಫೈನಲ್‌ನಲ್ಲಿ 0–2ರಿಂದ ಸೋತ ಕೆವ್ನ್ ಡ್ರೂಯಿಡ್ಸ್ ಯುರೋಪಾ ಲೀಗ್‌ಗೆ ಹೋಯಿತು, ಎರಡನೆಯ ಹಂತದ ಲೀಗ್‌ನಲ್ಲಿ ಆಡುತ್ತಿದ್ದ ಕ್ಲಬ್! ಫಿನ್‌ಲೆಂಡ್‌ನ ಮಿಪಾ ವಿರುದ್ಧ ಮೊದಲ ಲೆಗ್‌ನಲ್ಲಿ 0–0 ಕೂಡ ಮಾಡಿಕೊಂಡರು. 2015–16ರ ಯುರೋಪಾ ಲೀಗ್‌ನಿಂದ ಯುರೋಪಿನ ಫುಟ್‌ಬಾಲ್ ಆಡಳಿತ ಸಂಸ್ಥೆ ಯುಇಎಫ್‌ಎ ಈ ದಾರಿ ಮುಚ್ಚಿತು. ಈಗ ಅಂಥ ಸ್ಥಾನ ರನ್ನರ್ ಅಪ್‌ಗೆ ಸಿಗುವುದಿಲ್ಲ, ಲೀಗ್ ಪಟ್ಟಿಯಲ್ಲಿ ಮುಂದಿನವರಿಗೆ ಹೋಗುತ್ತದೆ. ಹಾಗಾಗಿ 2015ಕ್ಕಿಂತ ಮುಂಚಿನ ಪುಟದ ವಾಕ್ಯಗಳನ್ನು ನಕಲಿಸಿ ಇತ್ತೀಚಿನ ಋತುವಿಗೆ ಹಾಕಬಾರದು. ಟೂರ್ನಿಯ ಹೆಸರೂ ಕಾಲಕ್ಕೆ ತಕ್ಕಂತೆ ಇರಲಿ: 1999ರವರೆಗೆ ಕಪ್ ವಿನ್ನರ್ಸ್ ಕಪ್, ಆಮೇಲೆ ಯುಇಎಫ್‌ಎ ಕಪ್, 2009ರಿಂದ ಯುರೋಪಾ ಲೀಗ್, 2021ರಿಂದ ಕಾನ್ಫರೆನ್ಸ್ ಲೀಗ್.

ಕ್ಲಬ್ ಹೆಸರುಗಳು

ಹಾಳೆಯ ಎರಡನೇ ಪುಟದಲ್ಲಿ ಹೆಸರುಗಳ ಪಟ್ಟಿ ಇಡಿ: ಅಂದಿನ ಹೆಸರು, ಇಂದಿನ ಹೆಸರು, ಕನ್ನಡದಲ್ಲಿ ಬರೆಯುವ ರೂಪ. 1996ರಲ್ಲಿ ಗೆದ್ದ ಲ್ಯಾನ್ಸಾಂಟ್‌ಫ್ರೈಡ್ ಆಮೇಲೆ ಪ್ರಾಯೋಜಕರ ಹೆಸರಿನಲ್ಲಿ ಟೋಟಲ್ ನೆಟ್‌ವರ್ಕ್ ಸೊಲ್ಯೂಷನ್ಸ್ ಆಯಿತು, 2003ರಲ್ಲಿ ಆಸ್‌ವೆಸ್ಟ್ರಿ ಟೌನ್ ಜೊತೆ ಒಂದಾಯಿತು, 2006ರಿಂದ ದಿ ನ್ಯೂ ಸೇಂಟ್ಸ್. ಮೂರೂ ಒಂದೇ ಕ್ಲಬ್. ಅದರ ಮೈದಾನ ಪಾರ್ಕ್ ಹಾಲ್ ಇರುವುದು ಗಡಿಯಾಚೆ ಇಂಗ್ಲೆಂಡಿನ ಆಸ್‌ವೆಸ್ಟ್ರಿಯಲ್ಲಿ, ಆದರೂ ಅದು ಆಡುವುದು ವೆಲ್ಷ್ ಲೀಗ್‌ನಲ್ಲಿ. 1995ರ ನಿರ್ಬಂಧ ನೋಡುವುದು ಲೀಗನ್ನು, ಮೈದಾನವನ್ನಲ್ಲ. ಇದಕ್ಕೆ ವಿರುದ್ಧವಾಗಿ ಬ್ಯಾಂಗರ್ ಸಿಟಿ ಬೇರೆ, ಅಭಿಮಾನಿಗಳು 2019ರಲ್ಲಿ ಕಟ್ಟಿದ ಬ್ಯಾಂಗರ್ 1876 ಬೇರೆ. ಬ್ಯಾಂಗರ್ ಸಿಟಿಯ 8 ಕಪ್‌ಗಳನ್ನು ಹೊಸ ಕ್ಲಬ್ಬಿನ ಖಾತೆಗೆ ಬರೆಯಬಾರದು. ರಿಲ್ ಊರಿನದೂ ಇದೇ ಕತೆ, ಹಳೆಯ ಕ್ಲಬ್ 2020ರಲ್ಲಿ ಮುಚ್ಚಿತು, ಹೊಸದು ಬೇರೆ ಹೆಸರಿನಲ್ಲಿ ಎದ್ದಿತು.

ಕನ್ನಡದ ರೂಪಕ್ಕೆ ಒಂದೇ ಸೂತ್ರ: ವೆಲ್ಷ್ ಉಚ್ಚಾರಣೆ ಕೇಳಿ, ಹತ್ತಿರದ ಅಕ್ಷರ ಆರಿಸಿ, ಇಡೀ ಪುಟದಲ್ಲಿ ಅದನ್ನೇ ಉಳಿಸಿಕೊಳ್ಳಿ. ಇಂಗ್ಲಿಷ್ ಕಾಗುಣಿತ ನೋಡಿ ಓದಿದರೆ ಕೆವ್ನ್ "ಸೆಫ್ನ್" ಆಗುತ್ತದೆ, ಕೊನಾಸ್ ಕೀ "ಕೊನಾಸ್ ಕ್ವೇ" ಆಗುತ್ತದೆ. ಹುಡುಕುವವರಿಗೆ ಎರಡೂ ಸಿಗುವುದಿಲ್ಲ.

ಹಳೆಯ ಪತ್ರಿಕೆಗಳಲ್ಲಿ ಹುಡುಕುವಾಗ

ಅಬರಿಸ್ಟ್‌ವಿತ್‌ನಲ್ಲಿರುವ ವೇಲ್ಸ್ ರಾಷ್ಟ್ರೀಯ ಗ್ರಂಥಾಲಯದ ವೆಲ್ಷ್ ನ್ಯೂಸ್‌ಪೇಪರ್ಸ್ ಆನ್‌ಲೈನ್ ಉಚಿತ. 1919ರವರೆಗಿನ ಪತ್ರಿಕೆಗಳು ಅಲ್ಲಿ ಬೆಂಗಳೂರಿನಲ್ಲಿ ಕೂತವರಿಗೂ ತೆರೆದಿವೆ. ಹುಡುಕುವಾಗ ಒಂದು ಹಳ್ಳವಿದೆ: ಆ ಕಾಲದ ದಕ್ಷಿಣ ವೇಲ್ಸ್ ಪತ್ರಿಕೆಗಳಲ್ಲಿ ಬರಿದೇ "ಫುಟ್‌ಬಾಲ್" ಎಂದಿದ್ದರೆ ಅದು ಬಹುಪಾಲು ರಗ್ಬಿ. ಇಂದಿನ ವೆಲ್ಷ್ ರಗ್ಬಿ ಯೂನಿಯನ್ 1881ರಲ್ಲಿ ಹುಟ್ಟಿದಾಗ ಅದರ ಹೆಸರೇ ವೆಲ್ಷ್ ಫುಟ್‌ಬಾಲ್ ಯೂನಿಯನ್. ಆದ್ದರಿಂದ "ಅಸೋಸಿಯೇಷನ್" ಎಂಬ ಪದವನ್ನೂ ಸೇರಿಸಿ ಹುಡುಕಿ. "ಟ್ರೈ", "ಡ್ರಾಪ್ ಗೋಲ್" ಕಂಡರೆ ಪುಟ ಮುಚ್ಚಿ. 1912ಕ್ಕೆ ಮುಂಚಿನ ಋತುವಾದರೆ ರೆಕ್ಸಮ್ ಸುತ್ತಮುತ್ತಲಿನ ಮತ್ತು ಉತ್ತರ ವೇಲ್ಸ್‌ನ ಪತ್ರಿಕೆಗಳಿಂದಲೇ ಆರಂಭಿಸುವುದು ಒಳ್ಳೆಯದು, ಆಟ ಬೇರೂರಿದ್ದು ಅಲ್ಲಿ.

ಹತ್ತಿರದ ಹೆಸರಿನ ಟೂರ್ನಿಗಳನ್ನೂ ಬೇರ್ಪಡಿಸಬೇಕು. ವೆಲ್ಷ್ ಲೀಗ್ ಕಪ್ ಬೇರೆ. ಕೆಳ ಹಂತದ ಕ್ಲಬ್‌ಗಳ ಎಫ್‌ಎಡಬ್ಲ್ಯೂ ಟ್ರೋಫಿ ಬೇರೆ. 1997–98ರಿಂದ 2007–08ರವರೆಗೆ ನಡೆದ ಎಫ್‌ಎಡಬ್ಲ್ಯೂ ಪ್ರೀಮಿಯರ್ ಕಪ್ ಬೇರೆ. ಆ ಅವಧಿಯಲ್ಲಿ ಕಾರ್ಡಿಫ್, ಸ್ವಾನ್ಸೀ ಅಥವಾ ರೆಕ್ಸಮ್ ವೆಲ್ಷ್ ತಂಡವೊಂದರ ವಿರುದ್ಧ ಕಪ್ ಪಂದ್ಯ ಆಡಿದ್ದು ಸಿಕ್ಕರೆ ಅದು ಬಹುಶಃ ಈ ಪ್ರೀಮಿಯರ್ ಕಪ್‌ನದು.

ನಡೆಯುತ್ತಿರುವ ಋತುವಾದರೆ

ವೆಲ್ಷ್ ಭಾಷೆಯ ಟಿವಿ ವಾಹಿನಿ ಎಸ್4ಸಿಯ ಸ್ಗೋರಿಯೊ ಕಾರ್ಯಕ್ರಮ ಆಯ್ದ ಪಂದ್ಯಗಳನ್ನೂ ಮುಖ್ಯಾಂಶಗಳನ್ನೂ ತೋರಿಸುತ್ತದೆ. ವೀಕ್ಷಕ ವಿವರಣೆ ವೆಲ್ಷ್‌ನಲ್ಲಿ, ಆದರೆ ಸ್ಕೋರು ಬರೆದುಕೊಳ್ಳಲು ಭಾಷೆ ಅಡ್ಡಿಯಾಗದು. "ಕುಪಾನ್ ಕಮ್ರಿ" ಎಂದರೆ ವೆಲ್ಷ್ ಕಪ್, "ಹಾನೆರ್ ಅಮ್ಸೆರ್" ಎಂದರೆ ವಿರಾಮ. ಇವೆರಡು ಕಿವಿಗೆ ಬಿದ್ದರೆ ದಾರಿ ಸಿಕ್ಕ ಹಾಗೆ.

ಸಮಯದ ವಿಷಯದಲ್ಲಿ ಎಚ್ಚರ. ಬ್ರಿಟನ್ನಿನ ಗಡಿಯಾರ ಮಾರ್ಚ್ ಕೊನೆಯ ಭಾನುವಾರ ಒಂದು ಗಂಟೆ ಮುಂದೆ ಹೋಗಿ ಅಕ್ಟೋಬರ್ ಕೊನೆಯ ಭಾನುವಾರ ಹಿಂದೆ ಬರುತ್ತದೆ. ಮಧ್ಯಾಹ್ನ 2:30ರ ಪಂದ್ಯ ಅಕ್ಟೋಬರ್ ಆರಂಭದಲ್ಲಿ ನಮಗೆ ಸಂಜೆ 7ಕ್ಕೆ, ನವೆಂಬರ್‌ನಲ್ಲಿ ರಾತ್ರಿ 8ಕ್ಕೆ. ರಾತ್ರಿ 7:45ರ ಪಂದ್ಯ ನಮ್ಮಲ್ಲಿ ಮರುದಿನಕ್ಕೆ ದಾಟುತ್ತದೆ, ಬೇಸಿಗೆ ಸಮಯದಲ್ಲಿ 12:15, ಚಳಿಗಾಲದಲ್ಲಿ 1:15. ಹಾಳೆಯಲ್ಲಿ ವೇಲ್ಸ್‌ನ ದಿನಾಂಕವನ್ನೇ ಬರೆಯಿರಿ. ಫೋನಿನಲ್ಲಿ ಕಂಡ ದಿನಾಂಕವನ್ನು ಹಾಗೇ ಇಳಿಸಿದರೆ ಶುಕ್ರವಾರದ ಪಂದ್ಯಗಳೆಲ್ಲ ಶನಿವಾರದ್ದಾಗುತ್ತವೆ.

ಪಂದ್ಯ ಮುಂದೂಡಿದ ಸುದ್ದಿ ಕ್ಲಬ್‌ಗಳ ಸಾಮಾಜಿಕ ಜಾಲತಾಣದ ಖಾತೆಗಳಲ್ಲಿ ಬೆಳಗ್ಗೆ ಮೈದಾನ ಪರಿಶೀಲನೆಯಾದ ಮೇಲೆ ಬರುತ್ತದೆ. ಅಂಥ ಸಾಲನ್ನು ಅಳಿಸದೆ "ಮುಂದೂಡಿಕೆ" ಎಂದು ಗುರುತು ಹಾಕಿ, ಹೊಸ ದಿನಾಂಕಕ್ಕೆ ಕೆಳಗೆ ಮತ್ತೊಂದು ಸಾಲು ತೆರೆಯಿರಿ. ಜೋಡಿಗಳನ್ನು ಎಣಿಸುವಾಗ ಆ ಗುರುತಿನ ಸಾಲುಗಳನ್ನು ಬಿಟ್ಟು ಎಣಿಸಿ. ಮುಂದಿನ ಸುತ್ತಿನ ಡ್ರಾ ಬಾಕಿ ಪಂದ್ಯಕ್ಕಾಗಿ ಕಾಯದಿರಬಹುದು. ಆಗ ಎದುರಾಳಿಯ ಕಾಲಂನಲ್ಲಿ ಎರಡೂ ಕ್ಲಬ್‌ಗಳ ಹೆಸರನ್ನು "ಅಥವಾ" ಹಾಕಿ ಬರೆದಿಟ್ಟು, ಫಲಿತಾಂಶ ಬಂದ ದಿನವೇ ಒಂದನ್ನು ತೆಗೆದುಬಿಡಿ.